ಮೂಕಚಿತ್ರಕಾಲದ ಮರೆತ ಮುಖಗಳು

ತುಂಗಭದ್ರೆಯ ದಂಡೆಯ ಮೇಲಿರುವ ಐರಣಿಯು ರಾಣೇಬೆನ್ನೂರು ತಾಲೂಕಿನ ಒಂದು ಹಳೆಯ ಗ್ರಾಮ. ಹಾಳುಬಿದ್ದ ಕೋಟೆಯನ್ನೂ ಹೊಳೆಯ ದಂಡೆಯ ಮಠವನ್ನೂ ಬಿಟ್ಟರೆ ಹೊರಗಿನವರು ಈ ಊರಿನ ಹೆಸರನ್ನು ಕೇಳುವ ಪ್ರಸಂಗ ಕಡಿಮೆ. ಈ ಊರಿನ ನಮ್ಮ ಮನೆಯ ಅಟ್ಟದ ಮೇಲೆ ಒಂದು ತಗಡಿನ ಪೆಟ್ಟಿಗೆಯಿದ್ದಿತು. ಅದು ನಮ್ಮ ಅಜ್ಜನವರದು. ಅವರು ಪ್ರಾಯದಲ್ಲಿ ಹಾರ್ಮೋನಿಯಂ ಬಾರಿಸುತ್ತ ನಾಟಕ ಕಂಪನಿಗಳ ಸಂಗಡ ಊರೂರು ತಿರುಗಿದವರು. ಕಂಪನಿಯ ಆಟವಿಲ್ಲದ ದಿನಗಳಲ್ಲಿ ಡೇರೆಯ ಸಿನೇಮಾಗಳಲ್ಲಿ ಪರದೆಯ ಬದಿಗೆ ಕುಳಿತು, ಮಾತಿಲ್ಲದ ಚಿತ್ರಗಳಿಗೆ ಪೇಟಿಯಿಂದ ದನಿ ಕೊಟ್ಟವರು.

೧೯೫೮ರ ಸುಮಾರಿನಲ್ಲಿ ಅಜ್ಜನವರು ತೀರಿಕೊಂಡರು. ನಾನಾಗ ಎಂಟು ವರ್ಷದ ಹುಡುಗ. ದಿನಕರ್ಮಗಳು ಮುಗಿದು ಮನೆಯನ್ನು ಸಾರಿಸುವ ಹೊತ್ತಿಗೆ ಆ ಪೆಟ್ಟಿಗೆಯನ್ನು ಅಟ್ಟದಿಂದ ಇಳಿಸಿದರು. ಅದರಲ್ಲಿ ಗುಲಾಬಿ ಹಾಗೂ ಹಳದಿ ಬಣ್ಣದ ಜಾಹೀರಾತಿನ ಚೀಟಿಗಳೂ, ಕೆಲವು ಪತ್ರಗಳೂ, ನೂಲಿನಿಂದ ಹೊಲಿದ ಉದ್ದನೆಯ ಒಂದು ವಹಿಯೂ ಇದ್ದುವು. “ಏನೈತಿ ಅದರಾಗ? ಹುಳಾ ತಿಂದ ಹಳೀ ಕಾಗದ. ಬಚ್ಚಲ ಒಲಿಗೆ ಹಾಕು, ತಮ್ಮಾ” ಎಂದು ಅಜ್ಜಿಯವರು ಹೇಳಿದರು. ನಾನು ಹಾಕಿದೆನು. ಬಣ್ಣದ ಕಾಗದಗಳು ಸುರುಟಿಕೊಂಡು ಉರಿಯುವುದನ್ನು ನೋಡುತ್ತ ಕುಳಿತದ್ದೂ, ಆ ದಿನ ಸ್ನಾನದ ನೀರು ಬೇಗನೆ ಕಾದದ್ದೂ ನನಗೆ ಇಂದಿಗೂ ನೆನಪಿವೆ. ಅಜ್ಜಿಯವರ ಮೇಲೆ ನಾನು ತಪ್ಪು ಹೊರಿಸುವುದಿಲ್ಲ. ಅಂದು ಆ ಕಾಗದಗಳಿಗೆ ಬೆಲೆಯಿದೆಯೆಂದು ಬಲ್ಲವರು ನಮ್ಮ ಊರಿನಲ್ಲಂತೂ ಇರಲಿಲ್ಲ. ದೇಶದಲ್ಲಿಯೇ ಬೆರಳೆಣಿಕೆಯಷ್ಟು ಮಂದಿ.

ಮುಂದೆ ಎಷ್ಟೋ ವರ್ಷಗಳಾದ ಮೇಲೆ, ಮೂಕಚಿತ್ರಗಳ ಇತಿಹಾಸವನ್ನು ಹುಡುಕಿ ಬರೆಯುವ ವಿದ್ವಾಂಸರ ಕೆಲಸದ ಪರಿಚಯವಾದಾಗ, ನಾನು ಸುಟ್ಟದ್ದೇನೆಂಬುದು ತಿಳಿಯಿತು. ಆ ಕಾಲದ ಚಿತ್ರಗಳು ಬಹುಮಟ್ಟಿಗೆ ಉಳಿದೇ ಇಲ್ಲ. ಅವುಗಳಲ್ಲಿ ಅಭಿನಯಿಸಿದವರ, ದುಡಿದವರ ಹೆಸರುಗಳು ಮರಳಿ ದೊರೆಯುವುದಾದರೆ ಅದು ಇಂತಹ ಚೀಟಿ, ಪತ್ರ, ವಹಿಗಳಿಂದಲೇ. ಆದುದರಿಂದ ಈ ವಿಷಯವು ಪಂಡಿತರಿಗೆ ಮಾತ್ರ ಸೇರಿದ್ದಲ್ಲ; ಅಟ್ಟವೂ ಟ್ರಂಕೂ ಇರುವ ಪ್ರತಿಯೊಂದು ಮನೆಗೂ ಸೇರಿದ್ದು. ವಾಚಕರ ಮುಂದೆ ಇದನ್ನು ಇಡುವ ಉದ್ದೇಶವೂ ಅದೇ ಆಗಿರುವುದು.

ಮೊದಲು ಮೂಕಚಿತ್ರವೆಂದರೇನೆಂಬುದನ್ನು ಕಿರಿಯರಿಗಾಗಿ ಎರಡು ಮಾತಿನಲ್ಲಿ ಹೇಳುವೆನು. ದಾದಾಸಾಹೇಬ ಫಾಳ್ಕೆಯವರು ತಯಾರಿಸಿದ ‘ರಾಜಾ ಹರಿಶ್ಚಂದ್ರ’ವು ೧೯೧೩ನೆಯ ಮೇ ೩ರಂದು ಮುಂಬಯಿಯ ಕಾರೊನೇಶನ್ ಚಿತ್ರಗೃಹದಲ್ಲಿ ಜನರಿಗೆ ಕಾಣಿಸಿತು. ಅದರಲ್ಲಿ ಮಾತಿಲ್ಲ, ಹಾಡಿಲ್ಲ. ನಡುನಡುವೆ ಪರದೆಯ ಮೇಲೆ ಬರುವ ಬರೆಹದ ಫಲಕಗಳನ್ನು ಓದುಬಲ್ಲವರು ಓದದವರಿಗೆ ಗಟ್ಟಿಯಾಗಿ ಹೇಳುತ್ತಿದ್ದರು. ಪೇಟಿ, ತಬಲಾಗಳ ಮೇಳವು ಕಥೆಗೆ ತಕ್ಕಂತೆ ನುಡಿಯುತ್ತಿತ್ತು. ತಾರಾಮತಿಯ ಪಾತ್ರಕ್ಕೆ ಹೆಂಗಸರು ಯಾರೂ ಒಪ್ಪದೆ ಹೋದುದರಿಂದ, ಉಪಾಹಾರಗೃಹವೊಂದರಲ್ಲಿ ಕೆಲಸಕ್ಕಿದ್ದ ಅಣ್ಣಾ ಸಾಳುಂಕೆಯೆಂಬ ತರುಣನನ್ನು ಫಾಳ್ಕೆಯವರು ಕರೆತಂದು ಸೀರೆಯುಡಿಸಿದರು. ಅದೇ ಸಾಳುಂಕೆಯವರು ೧೯೧೭ರ ‘ಲಂಕಾದಹನ’ದಲ್ಲಿ ರಾಮನೂ ತಾವೇ, ಸೀತೆಯೂ ತಾವೇ ಆಗಿ ಅಭಿನಯಿಸಿದರು. ಈ ಹೆಸರನ್ನು ಇಂದು ಎಷ್ಟು ಮಂದಿ ಬಲ್ಲರು?

ಆ ದಿನದಿಂದ ಮೊದಲುಗೊಂಡು ೧೯೩೪ರ ಸುಮಾರಿನ ವರೆಗೆ ನಮ್ಮ ದೇಶದಲ್ಲಿ ತಯಾರಾದ ಮೂಕಚಿತ್ರಗಳು ಸಾವಿರದ ಮುನ್ನೂರಕ್ಕೂ ಮೇಲ್ಪಟ್ಟು ಎಂದು ವಿದ್ವಾಂಸರು ಪಟ್ಟಿಮಾಡಿರುವರು. ಅವುಗಳಲ್ಲಿ ಇಂದು ನೋಡಲು ಸಿಗುವವುಗಳು, ಒಂದೆರಡು ನಿಮಿಷದ ತುಣುಕುಗಳನ್ನು ಸೇರಿಸಿದರೂ, ಹತ್ತಾರು ಮಾತ್ರ. ಉಳಿದುವೆಲ್ಲ ಹೇಗೆ ಹೋದುವು? ಅಂದಿನ ಫಿಲ್ಮು ಸೆಲ್ಯುಲೋಸ್ ನೈಟ್ರೇಟ್ ಎಂಬ ವಸ್ತುವಿನದು. ಅದು ಅತಿ ಬೇಗನೆ ಹೊತ್ತಿಕೊಳ್ಳುವುದು. ಉರಿಗೆ ಬೇಕಾದ ಆಮ್ಲಜನಕವು ಅದರೊಳಗೇ ಇರುವುದರಿಂದ ನೀರಿನೊಳಗೂ ಉರಿಯುವುದು. ಬೆಂಕಿ ತಗಲದಿದ್ದರೂ ನಮ್ಮ ಸೆಕೆಗೆ ಅಂಟಂಟಾಗಿ, ಕಡೆಗೆ ಕಂದು ಬಣ್ಣದ ಪುಡಿಯಾಗಿ ಹೋಗುವುದು. ಇದಲ್ಲದೆ ಫಿಲ್ಮಿನ ಲೇಪದಲ್ಲಿ ಬೆಳ್ಳಿಯ ಅಂಶವಿರುವುದು. ಓಡಿ ಹಳತಾದ ಚಿತ್ರದಿಂದ ಇನ್ನೇನು ಲಾಭವೆಂದು ಎಷ್ಟೋ ರೀಲುಗಳನ್ನು ತೊಳೆದು ಬೆಳ್ಳಿಯನ್ನು ತೆಗೆದುಕೊಂಡರು. ೧೯೩೧ನೆಯ ಮಾರ್ಚ್ ೧೪ರಂದು ತೆರೆಕಂಡ ನಮ್ಮ ಮೊದಲ ವಾಕ್ಚಿತ್ರ ‘ಆಲಂ ಆರಾ’ ಸಹ ಇಂದು ಎಲ್ಲಿಯೂ ಇಲ್ಲ. ೧೯೩೪ನೆಯ ಮಾರ್ಚಿನಲ್ಲಿ ಬಂದ ಕನ್ನಡದ ಮೊದಲ ವಾಕ್ಚಿತ್ರ ‘ಸತಿ ಸುಲೋಚನಾ’ಕ್ಕೂ ಅದೇ ಗತಿಯಾಯಿತು. ಮಾತಾಡಿದ ಚಿತ್ರಗಳ ಪಾಡೇ ಹೀಗಾದರೆ ಮಾತಾಡದವುಗಳ ಪಾಡೇನು?

ಹೀಗಿರುವಲ್ಲಿ ಇತಿಹಾಸಕಾರನು ಮಾಡುವುದೇನು? ಚಿತ್ರವಿಲ್ಲದ ಚಿತ್ರದ ಚರಿತ್ರೆಯನ್ನು ಬರೆಯುವುದು ಹೇಗೆ? ಇದಕ್ಕೆ ಉತ್ತರವನ್ನು ತಮ್ಮ ಬಾಳಿನಿಂದಲೇ ಕೊಟ್ಟವರು ಶ್ರೀ ಪಿ. ಕೆ. ನಾಯರ್ ಅವರು. ೧೯೩೩ರಲ್ಲಿ ತಿರುವನಂತಪುರದಲ್ಲಿ ಹುಟ್ಟಿದ ಇವರಿಗೆ ಬಾಲ್ಯದಲ್ಲಿಯೇ ಸಿನೇಮಾದ ಹರಿದ ಟಿಕೀಟುಗಳನ್ನು ಕೂಡಿಡುವ ಗೀಳಿದ್ದಿತು. ಭಾರತ ಸರಕಾರವು ೧೯೬೪ರಲ್ಲಿ ಪುಣೆಯಲ್ಲಿ ರಾಷ್ಟ್ರೀಯ ಚಲಚ್ಚಿತ್ರ ಸಂಗ್ರಹಾಲಯವನ್ನು ಸ್ಥಾಪಿಸಿತು; ಮರುವರ್ಷ ನಾಯರರು ಅಲ್ಲಿ ಸೇರಿ ೧೯೯೧ರಲ್ಲಿ ನಿವೃತ್ತರಾಗುವ ವರೆಗೆ ಹಳೆಯ ರೀಲುಗಳನ್ನರಸುತ್ತ ದೇಶವನ್ನೆಲ್ಲ ಸುತ್ತಿದರು. ಗೋದಾಮು, ಕೊಟ್ಟಿಗೆ, ಮುಚ್ಚಿದ ಚಿತ್ರಗೃಹ, ದಿವಾಳಿಯಾದ ಕಂಪನಿಯ ಮಾಲೀಕನ ಮನೆ, ಹೀಗೆ ಅವರು ಹುಡುಕದ ಜಾಗವಿರಲಿಲ್ಲ. ೨೦೧೬ನೆಯ ಮಾರ್ಚ್ ೪ರಂದು ಅವರು ಕಾಲವಾದರು. ಅದಕ್ಕೆ ನಾಲ್ಕು ವರ್ಷ ಮೊದಲು ಶ್ರೀ ಶಿವೇಂದ್ರಸಿಂಗ್ ಡುಂಗರಪುರ ಅವರು ‘ಸೆಲ್ಯುಲಾಯ್ಡ್ ಮ್ಯಾನ್’ ಎಂಬ ಸಾಕ್ಷ್ಯಚಿತ್ರದಲ್ಲಿ ಈ ಹಿರಿಯರ ಕಥೆಯನ್ನು ಹಿಡಿದಿಟ್ಟರು.

ನಾಯರರ ಕೆಲಸದ ರೀತಿಗೆ ಒಂದು ನಿದರ್ಶನ ಸಾಕು. ಫಾಳ್ಕೆಯವರ ‘ಕಾಳಿಯ ಮರ್ದನ’ವು ೧೯೧೯ರದು, ಅವರ ಮಗಳು ಮಂದಾಕಿನಿಯು ಅದರಲ್ಲಿ ಬಾಲಕೃಷ್ಣನಾಗಿದ್ದಳು. ಫಾಳ್ಕೆಯವರ ಮನೆತನದವರಲ್ಲಿ ಉಳಿದಿದ್ದ ಬಿಡಿ ತುಣುಕುಗಳನ್ನು ನಾಯರರು ತಂದರು. ಆದರೆ ಯಾವುದರ ಮುಂದೆ ಯಾವುದು? ಫಾಳ್ಕೆಯವರ ಕೈಬರೆಹದ ಟಿಪ್ಪಣಿಗಳೇ ಇದಕ್ಕೆ ದಾರಿ ತೋರಿಸಿದುವು. ಅವುಗಳನ್ನು ಅನುಸರಿಸಿ ತುಣುಕುಗಳನ್ನು ಒಂದೊಂದಾಗಿ ಜೋಡಿಸಿದಾಗ ಚಿತ್ರವು ಮತ್ತೆ ಚಿತ್ರವಾಯಿತು. ಒಂದು ಮನೆಯವರು ಫಿಲ್ಮನ್ನು ಎಸೆಯಲಿಲ್ಲ. ಅದೇ ಮನೆಯವರು ಹಳೆಯ ಬರೆಹಗಳನ್ನೂ ಎಸೆಯಲಿಲ್ಲ. ಎರಡರಲ್ಲಿ ಒಂದು ಹೋಗಿದ್ದರೂ ಇಂದು ನಮ್ಮ ಮಕ್ಕಳು ಆ ಪುಟ್ಟ ಕೃಷ್ಣನನ್ನು ಕಾಣುತ್ತಿರಲಿಲ್ಲ.

ಉಳಿದಿರುವುದರಲ್ಲಿಯೂ ಶಂಕೆಗಳುಂಟು. ‘ರಾಜಾ ಹರಿಶ್ಚಂದ್ರ’ದ್ದೆಂದು ಸಂಗ್ರಹಾಲಯದಲ್ಲಿರುವ ಭಾಗಗಳು ನಿಜವಾಗಿ ೧೯೧೩ರವಲ್ಲ, ಫಾಳ್ಕೆಯವರು ೧೯೧೭ರಲ್ಲಿ ಅದೇ ಕಥೆಯನ್ನು ಮತ್ತೊಮ್ಮೆ ತೆಗೆದಾಗಿನವು ಎಂಬುದು ಕೆಲವು ಇತಿಹಾಸಕಾರರ ಅಭಿಪ್ರಾಯ. ಇಂತಹ ಸಿಕ್ಕುಗಳನ್ನು ಬಿಡಿಸುವವರಲ್ಲಿ ಮುಂಬಯಿಯ ಶ್ರೀ ವೀರಚಂದ ಧರಮ್ಸಿಯವರ ಹೆಸರು ಹಿರಿದು. ಮೂಕಚಿತ್ರಗಳ ಸಮಗ್ರ ಪಟ್ಟಿಯನ್ನು ಅವರು ವರ್ಷಗಟ್ಟಲೆ ದುಡಿದು ತಯಾರಿಸಿದರು. ಅದು ೧೯೯೪ರಲ್ಲಿ ಶ್ರೀ ಸುರೇಶ ಛಾಬ್ರಿಯಾ ಅವರು ಸಂಪಾದಿಸಿದ ‘ಲೈಟ್ ಆಫ್ ಏಷಿಯಾ’ ಎಂಬ ಗ್ರಂಥದಲ್ಲಿ ಪ್ರಕಟವಾಯಿತು. ಇಂತಹ ಶೋಧನೆಗೆ ಹಳೆಯ ವೃತ್ತಪತ್ರಿಕೆಗಳ ಜಾಹೀರಾತುಗಳೂ, ೧೯೨೦ರಲ್ಲಿ ಏರ್ಪಟ್ಟ ಸೆನ್ಸಾರ್ ಮಂಡಲಿಗಳ ದಾಖಲೆಗಳೂ ಆಧಾರ. ೧೯೨೭ರಲ್ಲಿ ದಿವಾನ್ ಬಹಾದುರ್ ಟಿ. ರಂಗಾಚಾರಿಯವರ ಅಧ್ಯಕ್ಷತೆಯಲ್ಲಿ ನೇಮಕವಾದ ಸಿನೇಮಾ ವಿಚಾರಣಾ ಸಮಿತಿಯು ಮುನ್ನೂರಕ್ಕೂ ಹೆಚ್ಚು ಮಂದಿಯ ಸಾಕ್ಷ್ಯಗಳನ್ನು ಬರೆದುಕೊಂಡಿತು. ಅವುಗಳ ಸಂಪುಟಗಳು ಈ ಶೋಧಕರಿಗೆ ಇಂದಿಗೂ ದೊಡ್ಡ ಗಣಿಯಾಗಿವೆ.

ಇನ್ನು ನಮ್ಮ ನಾಡಿನ ಕಡೆಗೆ ಬರೋಣ. ಆ ಕಾಲದಲ್ಲಿ ಕನ್ನಡನಾಡು ಒಂದೇ ಆಡಳಿತದಲ್ಲಿ ಇರಲಿಲ್ಲವೆಂಬುದನ್ನು ಮೊದಲು ನೆನೆಯಬೇಕು. ನಮ್ಮ ಐರಣಿಯಲ್ಲಿಯೇ ಹೊಳೆಯ ಈಚೆಯದು ಮುಂಬಯಿ ಇಲಾಖೆ, ಆಚೆಯದು ಮೈಸೂರು ಸಂಸ್ಥಾನ. ಆದುದರಿಂದ ಕನ್ನಡಿಗರ ಮೂಕಚಿತ್ರದ ಕಥೆಯು ಒಂದೇ ಕಡತದಲ್ಲಿ ಸಿಗುವುದಿಲ್ಲ. ಅದು ಮುಂಬಯಿ, ಮದರಾಸು, ಬೆಂಗಳೂರು, ಕೊಲ್ಹಾಪುರಗಳಲ್ಲಿ ಚೆಲ್ಲಿಹೋಗಿದೆ. ಮುಂದೆ ದೇಶವೇ ಕೊಂಡಾಡಿದ ನಿರ್ದೇಶಕ ವಿ. ಶಾಂತಾರಾಮರು ಹುಡುಗತನದಲ್ಲಿ ನಮ್ಮ ಹುಬ್ಬಳ್ಳಿಯ ರೈಲ್ವೆ ಕಾರ್ಖಾನೆಯಲ್ಲಿ ದುಡಿದವರು. ಸಂಜೆಗೆ ಅಲ್ಲಿಯ ತಗಡಿನ ಚಿತ್ರಗೃಹದಲ್ಲಿ ಚಾಕರಿ ಮಾಡುತ್ತ ಪರದೆಯ ಮೇಲಿನ ಆಟವನ್ನು ಕಣ್ತುಂಬ ನೋಡಿದವರು. ಆಮೇಲೆ ಕೊಲ್ಹಾಪುರದ ಬಾಬೂರಾವ್ ಪೇಂಟರರ ಕಂಪನಿಯನ್ನು ಸೇರಿ ಅವರು ದೊಡ್ಡವರಾದರು. ಅದೇ ತಗಡಿನ ಕೆಳಗೆ ಅವರ ಜತೆಗೆ ದುಡಿದ ಬಾಗಿಲ ಕಾಯುವವರು, ಯಂತ್ರ ತಿರುಗಿಸುವವರು, ಪೇಟಿ ಬಾರಿಸುವವರು ಯಾರೆಂಬುದು ಯಾವ ಪುಸ್ತಕದಲ್ಲಿಯೂ ಬರಲಿಲ್ಲ.

ಬೆಂಗಳೂರಿಗೂ ದಕ್ಷಿಣದ ಮೊದಲ ಮೂಕಚಿತ್ರಕ್ಕೂ ಇರುವ ನಂಟು ಇನ್ನೂ ಕುತೂಹಲಕರವಾದುದು. ವೆಲ್ಲೂರಿನ ಆರ್. ನಟರಾಜ ಮೊದಲಿಯಾರರು ಪುಣೆಯಲ್ಲಿ ಸ್ಟುವರ್ಟ್ ಸ್ಮಿತ್ ಎಂಬ ಆಂಗ್ಲ ಛಾಯಾಗ್ರಾಹಕರಿಂದ ಕೆಮೆರಾ ಹಿಡಿಯುವುದನ್ನು ಕಲಿತು, ಮದರಾಸಿನಲ್ಲಿ ಕಂಪನಿ ಕಟ್ಟಿ ‘ಕೀಚಕವಧ’ವನ್ನು ತೆಗೆದರು. ಮದರಾಸಿನ ಸೆಕೆಯಲ್ಲಿ ಫಿಲ್ಮನ್ನು ತೊಳೆಯುವುದು ಕಷ್ಟ. ಬೆಂಗಳೂರಿನ ತಂಪಿನಲ್ಲಿ ಆ ಕೆಲಸ ಸುಲಭವೆಂದು ಅವರು ಇಲ್ಲಿ ಒಂದು ಪ್ರಯೋಗಶಾಲೆಯನ್ನು ಇಟ್ಟುಕೊಂಡಿದ್ದರು. ವಾರದ ಕೊನೆಗೆ ಫಿಲ್ಮನ್ನು ಹೊತ್ತುಕೊಂಡು ಬೆಂಗಳೂರಿಗೆ ಬಂದು ತೊಳೆದು, ಸೋಮವಾರದ ಹೊತ್ತಿಗೆ ಮದರಾಸಿಗೆ ಹಿಂದಿರುಗಿ ಮತ್ತೆ ಚಿತ್ರೀಕರಣಕ್ಕೆ ನಿಲ್ಲುವರು. ೧೯೨೩ರ ಹೊತ್ತಿಗೆ ಅವರು ಈ ಉದ್ಯಮವನ್ನೇ ಬಿಟ್ಟರು. ೧೯೭೧ರ ವರೆಗೆ ಬದುಕಿದ್ದರೂ ನಾಡು ಅವರನ್ನು ಮರೆತೇಬಿಟ್ಟಿತ್ತು. ‘ಕೀಚಕವಧ’ದ ಒಂದು ಅಡಿ ಫಿಲ್ಮು ಸಹ ಉಳಿದಿಲ್ಲ. ಅದು ತೆರೆಕಂಡ ವರ್ಷವನ್ನು ಒಬ್ಬರು ೧೯೧೬ ಎನ್ನುವರು, ಇನ್ನೊಬ್ಬರು ೧೯೧೭, ಮತ್ತೊಬ್ಬರು ೧೯೧೮ ಎನ್ನುವರು. ಒಂದು ಜಾಹೀರಾತಿನ ಚೀಟಿ ಯಾರ ಮನೆಯಲ್ಲಿಯಾದರೂ ಉಳಿದಿದ್ದಲ್ಲಿ ಈ ವಾದವೇ ಇರುತ್ತಿರಲಿಲ್ಲ.

ಮೈಸೂರು ಸಂಸ್ಥಾನದಲ್ಲಿ ಮೂಕಚಿತ್ರದ ಚಟುವಟಿಕೆ ಬಿರುಸಾದುದು ೧೯೩೦ರ ಸುಮಾರಿಗೆ. ಹರಿಭಾಯಿ ದೇಸಾಯಿಯವರ ಸೂರ್ಯ ಫಿಲ್ಮ್ ಕಂಪನಿಯು ಬೆಂಗಳೂರಿನಲ್ಲಿ ಚಿತ್ರಗಳನ್ನು ತಯಾರಿಸುತ್ತಿದ್ದಿತು. ಮೋಹನ ಭವನಾನಿಯವರು ಶೂದ್ರಕನ ಮೃಚ್ಛಕಟಿಕವನ್ನು ಆಧರಿಸಿ ‘ವಸಂತಸೇನಾ’ ಎಂಬ ಚಿತ್ರವನ್ನು ತೆಗೆದರು. ಕುಲೀನ ಮನೆತನದ ಹೆಂಗಸರು ಸಿನೇಮಾಕ್ಕೆ ಕಾಲಿಡಲು ಅಂಜುತ್ತಿದ್ದ ಕಾಲವದು. ಅಂತಹ ದಿನಗಳಲ್ಲಿ ಈ ಚಿತ್ರದಲ್ಲಿ ಇಬ್ಬರು ವಿದ್ಯಾವಂತ ಮಹಿಳೆಯರು ಪಾತ್ರ ವಹಿಸಿದರು. ವಸಂತಸೇನೆಯಾಗಿ ಏಣಾಕ್ಷಿ ರಾಮರಾವ್ ಅವರು. ಅವರ ಜತೆಗೆ ಮಂಗಳೂರಿನಲ್ಲಿ ಹುಟ್ಟಿದ ಕಮಲಾದೇವಿ ಚಟ್ಟೋಪಾಧ್ಯಾಯರು. ಉಪ್ಪಿನ ಸತ್ಯಾಗ್ರಹದ ಧೀರೆಯೆಂದೂ ಕರಕುಶಲಕಲೆಗಳ ಪೋಷಕಿಯೆಂದೂ ಕಮಲಾದೇವಿಯವರನ್ನು ಎಲ್ಲರೂ ಬಲ್ಲರು; ಅವರು ಮೂಕಚಿತ್ರದ ನಟಿಯಾಗಿದ್ದುದನ್ನು ಬಲ್ಲವರು ಅಪರೂಪ.

ಏಣಾಕ್ಷಿಯವರ ವಿಷಯದಲ್ಲಿ ದೈವದ ಆಟ ವಿಚಿತ್ರವಾಗಿದೆ. ಹಿಮಾಂಶು ರಾಯರು ಜರ್ಮನ್ ನಿರ್ದೇಶಕ ಫ್ರಾಂಜ್ ಓಸ್ಟೆನ್ನರಿಂದ ಮಾಡಿಸಿದ ೧೯೨೮ರ ‘ಶಿರಾಜ್’ ಚಿತ್ರದಲ್ಲಿ ಅವರು ಮುಮತಾಜಳಾಗಿದ್ದರು. ಅದರ ಪ್ರತಿಗಳು ಯುರೋಪಿಗೆ ಹೋಗಿದ್ದ ಕಾರಣ ಅದು ಉಳಿಯಿತು. ೨೦೧೭ರಲ್ಲಿ ಲಂಡನ್ನಿನ ಬ್ರಿಟಿಷ್ ಫಿಲ್ಮ್ ಇನ್‌ಸ್ಟಿಟ್ಯೂಟಿನವರು ಅದನ್ನು ಜೀರ್ಣೋದ್ಧಾರ ಮಾಡಿ ಪ್ರದರ್ಶಿಸಿದರು. ಪರದೇಶದ ಪೆಟ್ಟಿಗೆಯಲ್ಲಿದ್ದ ಚಿತ್ರದಲ್ಲಿ ಅವರ ಮುಖವನ್ನು ಇಂದಿಗೂ ಕಾಣಬಹುದು. ನಮ್ಮ ನಾಡಿನ ಚಿತ್ರದಲ್ಲಿದ್ದುದು ಕಾಣಸಿಗದು. ೧೯೧೯ರ ‘ಬಿಲ್ವಮಂಗಳ’ದ ಕಥೆಯೂ ಇಂತಹುದೇ. ಅದರ ಸುಮಾರು ೬೦೦ ಮೀಟರು ಫಿಲ್ಮು ಪ್ಯಾರಿಸಿನ ಸಂಗ್ರಹಾಲಯದಲ್ಲಿ ದೊರೆತು ೨೦೧೬ರಲ್ಲಿ ಪುಣೆಗೆ ಬಂದಿತು.

ನಮ್ಮ ರಂಗಭೂಮಿಯ ಅರಸರಾದ ಗುಬ್ಬಿ ವೀರಣ್ಣನವರು ಸಹ ಮೂಕಚಿತ್ರಕ್ಕೆ ಹಣವನ್ನೂ ಶ್ರಮವನ್ನೂ ಸುರಿದವರೆಂಬುದು ಅನೇಕರಿಗೆ ತಿಳಿಯದು. ‘ಸದಾರಮೆ’, ‘ಜೀವನ ನಾಟಕ’, ‘ಬೇಡರ ಕಣ್ಣಪ್ಪ’ಗಳ ಜತೆಗೆ ಅವರ ಹೆಸರನ್ನು ಕೂಡಿಸಿ ಹೇಳುವವರು, ಅದಕ್ಕೂ ಮೊದಲಿನ ‘ಹಿಸ್ ಲವ್ ಅಫೇರ್’ ಮತ್ತು ‘ಹರಿಮಾಯಾ’ಗಳನ್ನು ಹೇಳುವುದಿಲ್ಲ. ಮೊದಲನೆಯದನ್ನು ನಿರ್ದೇಶಿಸಿದವರು ರಫಾಯಲ್ ಆಲ್ಗೋಯೆ ಎಂಬ ಬೆಲ್ಜಿಯಂ ದೇಶದವರು. ‘ಹರಿಮಾಯಾ’ವನ್ನು ೧೯೩೨ರಲ್ಲಿ ನಿರ್ದೇಶಿಸಿದವರು ವೈ. ವಿ. ರಾವ್ ಅವರು, ಎರಡು ವರ್ಷದ ತರುವಾಯ ‘ಸತಿ ಸುಲೋಚನಾ’ವನ್ನು ನಿರ್ದೇಶಿಸಿ ಕನ್ನಡಕ್ಕೆ ಮೊದಲು ಮಾತು ಕೊಟ್ಟವರೂ ಅವರೇ. ಹಿರಿಯ ನಟಿ ಲಕ್ಷ್ಮಿಯವರು ಇವರ ಮಗಳೆಂದರೆ ವಾಚಕರಿಗೆ ಗುರುತು ಸಿಕ್ಕೀತು. ಗುಬ್ಬಿ ಕಂಪನಿಯ ನಾಯಿಕೆಯಾಗಿ, ಮುಂದೆ ‘ಹೇಮರೆಡ್ಡಿ ಮಲ್ಲಮ್ಮ’ನಾಗಿ ನಮ್ಮ ಕಡೆಯ ಹೆಂಗಸರ ಕಣ್ಣಲ್ಲಿ ನೀರು ತರಿಸಿದ ಬಿ. ಜಯಮ್ಮನವರು ಕೆಮೆರಾದ ಮುಂದೆ ಮೊದಲು ನಿಂತುದು ಮಾತಿಲ್ಲದ ಚಿತ್ರದಲ್ಲಿ. ಸಂಗೀತವೇ ಬಂಡವಾಳವಾಗಿದ್ದ ಆ ಕಲಾವಿದೆಯು ಕಂಠವನ್ನು ಬದಿಗಿಟ್ಟು ಕಣ್ಣು ಕೈಗಳಿಂದಲೇ ಅಭಿನಯಿಸಿದ ಆ ಚಿತ್ರವನ್ನು ನೋಡಲು ಯಾರಿಗೆ ಆಸೆಯಾಗದು! ಆದರೆ ಅದು ಈಗ ಹೆಸರಾಗಿ ಮಾತ್ರ ಉಳಿದಿದೆ.

ಆ ಹೆಸರಾದರೂ ಉಳಿದುದು ಕನ್ನಡದ ಶೋಧಕರಿಂದ. ಶ್ರೀ ಕೆ. ಪುಟ್ಟಸ್ವಾಮಿಯವರ ‘ಸಿನಿಮಾಯಾನ’ವು ಕನ್ನಡ ಚಿತ್ರದ ನಡೆಯನ್ನು ವಿಸ್ತಾರವಾಗಿ ಬರೆದಿಟ್ಟ ಗ್ರಂಥ, ೨೦೦೯ನೆಯ ವರ್ಷದ ರಾಷ್ಟ್ರಪ್ರಶಸ್ತಿಯು ಅದಕ್ಕೆ ದೊರೆಯಿತು. ಬೀಳಗಿಯಿಂದ ಹೊರಟು ಮುಂಬಯಿಯಲ್ಲಿ ಹೆಸರಾದ ಗಾಯಕಿ ಅಮೀರಬಾಯಿ ಕರ್ನಾಟಕಿಯವರ ಜೀವನವನ್ನು ಶ್ರೀ ರಹಮತ್ ತರೀಕೆರೆಯವರು ಹುಡುಕಿ ಪುಸ್ತಕವಾಗಿಸಿದರು. ಅಮೀರಬಾಯಿಯವರು ವಾಕ್ಚಿತ್ರದ ಕಾಲದವರಾದರೂ, ಮರೆತ ಕಲಾವಿದೆಯೊಬ್ಬಳನ್ನು ಹುಡುಕಿ ನಾಡಿಗೆ ಮರಳಿ ಕೊಡಬಹುದೆಂಬುದಕ್ಕೆ ಆ ಪುಸ್ತಕವೇ ಸಾಕ್ಷಿ. ಮೂಕಚಿತ್ರದ ಕನ್ನಡಿಗರಿಗೆ ಇಂತಹ ಚರಿತ್ರೆಗಳು ಇನ್ನೂ ಎಷ್ಟೋ ಬರಬೇಕಾಗಿವೆ.

ಹೀಗೆ ಹುಡುಕದೆ ಹೋದರೆ ಆಗುವ ಅನ್ಯಾಯವೆಂತಹುದೆಂಬುದನ್ನು ನೆರೆಯ ಕೇರಳದ ಒಂದು ಪ್ರಕರಣವು ತೋರಿಸುವುದು. ಜೆ. ಸಿ. ಡೇನಿಯಲ್ ಎಂಬ ತರುಣನು ತನ್ನ ಭೂಮಿಯನ್ನು ಮಾರಿ ‘ವಿಗತಕುಮಾರನ್’ ಎಂಬ ಮೂಕಚಿತ್ರವನ್ನು ತೆಗೆದನು. ಅದು ತಿರುವನಂತಪುರದ ಕ್ಯಾಪಿಟಲ್ ಚಿತ್ರಗೃಹದಲ್ಲಿ ತೆರೆಕಂಡಿತು. ನಾಯಕಿಯಾಗಿದ್ದವಳು ಪಿ. ಕೆ. ರೋಸಿ ಎಂಬ ದಲಿತ ಕುಲದ ಬಡ ಹುಡುಗಿ. ಚಿತ್ರದಲ್ಲಿ ಅವಳದು ನಾಯರ್ ಮನೆತನದ ಹೆಣ್ಣಿನ ಪಾತ್ರ. ಇದನ್ನು ಸಹಿಸದ ಮೇಲುಜಾತಿಯ ಕೆಲವರು ಪರದೆಗೆ ಕಲ್ಲೆಸೆದರು, ಅವಳ ಮನೆಯನ್ನು ಸುಟ್ಟರು. ರೋಸಿಯು ಊರು ಬಿಟ್ಟು ತಮಿಳುನಾಡಿನ ಕಡೆಗೆ ಹೋಗಿ, ಮದುವೆಯಾಗಿ, ಬೇರೆ ಹೆಸರಿನಿಂದ ಬಾಳಿ ಅಳಿದಳು. ತಾನು ನಟಿಸಿದ ಚಿತ್ರವನ್ನು ಚಿತ್ರಗೃಹದೊಳಗೆ ಕುಳಿತು ನೋಡುವ ಭಾಗ್ಯವೂ ಅವಳಿಗೆ ಬರಲಿಲ್ಲ.

ಡೇನಿಯಲ್ಲರು ಸಾಲದಲ್ಲಿ ಮುಳುಗಿ ಸಿನೇಮಾವನ್ನು ಬಿಟ್ಟು ದಂತವೈದ್ಯರಾದರು. ೧೯೭೫ರಲ್ಲಿ ಬಡತನದಲ್ಲಿಯೇ ತೀರಿಕೊಂಡರು. ಚೇಲಂಗಾಟ್ಟ್ ಗೋಪಾಲಕೃಷ್ಣನ್ ಎಂಬ ಪತ್ರಕರ್ತರು ಅವರನ್ನು ಹುಡುಕಿ, ಮಾತಾಡಿಸಿ, ಮತ್ತೆ ಮತ್ತೆ ಬರೆದುದರ ಫಲವಾಗಿ ಅವರು ಮಲಯಾಳ ಚಿತ್ರದ ಜನಕರೆಂದು ಮಾನ್ಯರಾದರು. ೧೯೯೨ರಿಂದ ಕೇರಳ ಸರಕಾರವು ಅವರ ಹೆಸರಿನಲ್ಲಿ ಪ್ರಶಸ್ತಿಯನ್ನು ಕೊಡುತ್ತಿರುವುದು. ಚಿತ್ರವು ತೆರೆಕಂಡುದು ೧೯೨೮ರಲ್ಲೆಂದು ಚೇಲಂಗಾಟ್ಟರು ಬರೆದರು. ಅಂದಿನ ಕಾಗದಪತ್ರಗಳ ಆಧಾರದಿಂದ ೧೯೩೦ ಎಂದು ತರುವಾಯದವರು ತಿದ್ದಿದರು. ಇತಿಹಾಸವು ಹೀಗೆ ಒಬ್ಬರ ಕೈಯಿಂದ ಇನ್ನೊಬ್ಬರ ಕೈಗೆ ಹೋಗುತ್ತ ತಿಳಿಯಾಗುವುದು. ಆ ಚಿತ್ರದ ಫಿಲ್ಮು ಏನಾಯಿತು? ತಾನು ಚಿಕ್ಕ ಹುಡುಗನಾಗಿದ್ದಾಗ ಅದನ್ನು ಆಟಕ್ಕೆಂದು ಸುಟ್ಟುದಾಗಿ ಡೇನಿಯಲ್ಲರ ಮಗನೇ ಮುಂದೆ ಹೇಳಿಕೊಂಡರು. ಇದನ್ನು ಓದಿದ ದಿನ ನಮ್ಮ ಮನೆಯ ಬಚ್ಚಲ ಒಲೆಯು ನನ್ನ ಕಣ್ಣ ಮುಂದೆ ಬಂದಿತು. ಆ ರಾತ್ರಿ ನನಗೆ ನಿದ್ದೆ ಹತ್ತಲಿಲ್ಲ.

ಇದಕ್ಕೆ ಪ್ರತಿಯಾಗಿ ಸಮಾಧಾನದ ಸಂಗತಿಯೊಂದೂ ಕೇರಳದಲ್ಲಿಯೇ ಉಂಟು. ೧೯೩೩ರ ‘ಮಾರ್ತಾಂಡವರ್ಮ’ ಎಂಬ ಮೂಕಚಿತ್ರವು ಒಂದು ಕಾದಂಬರಿಯನ್ನು ಆಧರಿಸಿದ್ದು. ತಮ್ಮ ಒಪ್ಪಿಗೆಯಿಲ್ಲದೆ ಚಿತ್ರ ತೆಗೆದರೆಂದು ಕಾದಂಬರಿಯ ಪ್ರಕಾಶಕರಾದ ಕಮಲಾಲಯ ಬುಕ್ ಡಿಪೋದವರು ನ್ಯಾಯಾಲಯಕ್ಕೆ ಹೋದರು. ಚಿತ್ರವು ಓಡದೆ ನಿಂತಿತು. ಅದರ ಪ್ರತಿಯು ಪುಸ್ತಕದಂಗಡಿಯಲ್ಲಿ ದಶಕಗಳ ಕಾಲ ಬಿದ್ದುಕೊಂಡಿತ್ತು. ೧೯೭೪ರಲ್ಲಿ ಪುಣೆಯ ಸಂಗ್ರಹಾಲಯವು ಅದನ್ನು ಪಡೆಯಿತು. ದಕ್ಷಿಣ ಭಾರತದ ಮೂಕಚಿತ್ರಗಳಲ್ಲಿ ಇಂದು ನೋಡಲು ಉಳಿದಿರುವುದು ಅದು. ಊರೆಲ್ಲ ಸುತ್ತಿ ಜನ ನೋಡಿದ ಚಿತ್ರಗಳು ಸವೆದು ಹೋದುವು. ಅಂಗಡಿಯ ಮೂಲೆಯಲ್ಲಿ ಯಾರೂ ಮುಟ್ಟದೆ ಇದ್ದುದು ಉಳಿಯಿತು.

ಆದುದರಿಂದ ಗೃಹಸ್ಥರಲ್ಲಿಯೂ ಗೃಹಿಣಿಯರಲ್ಲಿಯೂ ನನ್ನದೊಂದು ವಿಜ್ಞಾಪನೆ. ಬರುವ ದೀಪಾವಳಿಗೆ ಅಟ್ಟವನ್ನು ಸ್ವಚ್ಛಮಾಡುವಾಗ ಹಳೆಯ ಕಾಗದವನ್ನು ರದ್ದಿಯವನ ತಕ್ಕಡಿಗೆ ಹಾಕುವ ಮೊದಲು ಒಂದು ಗಳಿಗೆ ಓದಿ ನೋಡಿರಿ. ನಾಟಕದ ಅಥವಾ ಸಿನೇಮಾದ ಚೀಟಿ, ಹಾಡಿನ ಪುಸ್ತಕ, ಕಂಪನಿಯ ಲೆಕ್ಕದ ವಹಿ, ವೇಷದ ಭಾವಚಿತ್ರ, ಕಲಾವಿದರ ಪತ್ರ, ಇವು ಯಾವುದಾದರೂ ಇದ್ದಲ್ಲಿ ಬೇರೆ ತೆಗೆದಿಡಿರಿ. ಮನೆಯ ಹಿರಿಯರು ಇರುವಾಗಲೇ ಭಾವಚಿತ್ರದಲ್ಲಿರುವವರು ಯಾರು, ಯಾವ ಊರು ಎಂಬುದನ್ನು ಕೇಳಿ, ಹಿಂಬದಿಯಲ್ಲಿ ಮೆತ್ತಗೆ ಸೀಸದಕಡ್ಡಿಯಿಂದ ಬರೆದಿಡಿರಿ. ಶಾಯಿ ಬೇಡ, ಅಂಟು ಬೇಡ. ಒದ್ದೆಯಿಲ್ಲದ, ಹುಳ ತಾಕದ ಜಾಗದಲ್ಲಿ ಹತ್ತಿಯ ಬಟ್ಟೆಯಲ್ಲಿ ಸುತ್ತಿಡಿರಿ. ೧೯೫೦ಕ್ಕೆ ಮೊದಲಿನ ಫಿಲ್ಮಿನ ಸುರುಳಿಯೇನಾದರೂ ಸಿಕ್ಕಿದಲ್ಲಿ ಮಾತ್ರ ಮನೆಯಲ್ಲಿಡಬೇಡಿರಿ. ದೀಪ, ಒಲೆ, ಬಿಸಿಲುಗಳಿಂದ ದೂರವಿಟ್ಟು, ಬಿಚ್ಚದೆ, ಮಕ್ಕಳ ಕೈಗೆ ಕೊಡದೆ, ಪುಣೆಯ ಸಂಗ್ರಹಾಲಯಕ್ಕೆ ತಿಳಿಸಿರಿ. ಬೆಂಗಳೂರಿನಲ್ಲಿ ಕರ್ನಾಟಕ ಚಲನಚಿತ್ರ ಅಕಾಡೆಮಿಯೂ ಇರುವುದು. ಸಂಗ್ರಹಾಲಯವೆಂದರೂ ಅಪಾಯವಿಲ್ಲವೆಂದಲ್ಲ, ೨೦೦೩ನೆಯ ಜನವರಿಯಲ್ಲಿ ಪುಣೆಯಲ್ಲಿಯೇ ಬೆಂಕಿ ಬಿದ್ದು ಹಳೆಯ ನೈಟ್ರೇಟ್ ಫಿಲ್ಮುಗಳ ರಾಶಿಯೇ ನಾಶವಾಯಿತು. ಆದುದರಿಂದ ಕಾಗದಗಳ ಒಂದು ಪ್ರತಿಯನ್ನು ಮಾಡಿಸಿ ಮನೆಯಲ್ಲಿಯೂ ಇಟ್ಟುಕೊಳ್ಳುವುದು ಜಾಣತನ.

ಕೊನೆಗೆ ನಮ್ಮ ಮನೆಯ ಮಾತೊಂದನ್ನು ಹೇಳಿ ಮುಗಿಸುವೆನು. ಕೆಲವು ವರ್ಷಗಳ ಹಿಂದೆ ಹಳೆಯ ಮನೆಯನ್ನು ದುರಸ್ತಿ ಮಾಡಿಸುವಾಗ, ದೇವರ ಮಾಡದ ಹಲಗೆಯ ಕೆಳಗೆ ಹಾಸಿದ್ದ ಒಂದು ಹಾಳೆಯು ಸಿಕ್ಕಿತು. ಎಣ್ಣೆ ಕುಡಿದು ಕಪ್ಪಾಗಿದ್ದರೂ ಅಜ್ಜನವರ ಅಕ್ಷರವೆಂಬುದರಲ್ಲಿ ಸಂಶಯವಿರಲಿಲ್ಲ. ಒಲೆಗೆ ಹೋದ ಆ ವಹಿಯಿಂದ ಹಿಂದೆಂದೋ ಹರಿದುಕೊಂಡದ್ದು. ಮೊದಲನೆಯ ರೀಲಿಗೆ ಭೀಮಪಲಾಸ, ಯುದ್ಧಕ್ಕೆ ದ್ರುತ ಲಯ, ತಾಯಿ ಅಳುವಲ್ಲಿ ಜೋಗಿಯಾ ಎಂದು ಸಾಲುಸಾಲಾಗಿ ಬರೆದಿದ್ದಾರೆ. ಒಂದು ಕಡೆ, ಇಲ್ಲಿ ಪೇಟಿ ನಿಲ್ಲಿಸಬೇಕು ಎಂದೂ ಇದೆ. ಹಾಳೆಯ ಮೇಲಂಚು ಹರಿದುಹೋಗಿರುವುದರಿಂದ ಚಿತ್ರ ಯಾವುದೆಂಬುದು ತಿಳಿಯದು. ಯಾರ ಮಗ, ಯಾವ ತಾಯಿ, ಯಾವ ಯುದ್ಧ? ಹಿಂಬದಿಯಲ್ಲಿ ಸೀಸದಕಡ್ಡಿಯಿಂದ ಅಜ್ಜನವರ ಹೆಸರನ್ನೂ ಐರಣಿ ಎಂಬುದನ್ನೂ ಬರೆದು ಅದನ್ನು ಬಟ್ಟೆಯಲ್ಲಿ ಸುತ್ತಿಟ್ಟಿದ್ದೇನೆ. ಅದೇ ಕಾಲದ ಇನ್ನೊಂದು ಹಾಳೆ ರಾಣೇಬೆನ್ನೂರಿನಲ್ಲಿಯೋ ಹರಿಹರದಲ್ಲಿಯೋ ಹುಬ್ಬಳ್ಳಿಯಲ್ಲಿಯೋ ಯಾರದಾದರೂ ಟ್ರಂಕಿನಲ್ಲಿ ಇದ್ದೀತು. ಅದು ಸಿಕ್ಕಿದವರು ದಯವಿಟ್ಟು ಅದನ್ನು ಒಲೆಗೆ ಹಾಕದಿರಲಿ.